ತೋಳಿನ ತಕ್ಕಡಿ

ಗುಂಡ್ಲುಪೇಟೆಯ ಮಾರುಕಟ್ಟೆಗೆ ಕೆಂಪು ಅಂಕಿಯ ಎಲೆಕ್ಟ್ರಾನಿಕ್ ತಕ್ಕಡಿ ಬಂದಾಗ ರೈತರು ಯಾರೂ ಅದನ್ನು ನಂಬಲಿಲ್ಲ. ಕರೆಂಟಿನಿಂದ ನಡೆಯುವ ವಸ್ತು, ಕರೆಂಟಿನ ಬುದ್ಧಿಯನ್ನೇ ಕಲಿತಿರುತ್ತದೆ ಎಂಬುದು ಅವರ ವಾದ. ಕೊನೆಗೆ ಹಮಾಲಿ ರಂಗನಾಯಕನನ್ನು ಕರೆದರು. ಅವನು ಅರಿಸಿನದ ಮೂಟೆಯೊಂದನ್ನು ಎತ್ತಿ, ಎದೆಗೆ ಅವುಚಿ, ಒಂದು ಉಸಿರು ಹಿಡಿದು, "ಅರವತ್ತೆರಡೂವರೆ" ಎಂದು ಇಳಿಸಿದ. ತಕ್ಕಡಿಯ ಮೇಲಿಟ್ಟರೆ ಅದೂ ಅರವತ್ತೆರಡೂವರೆ ಎಂದೇ ತೋರಿಸಿತು. "ಮಿಶಿನ್ನು ಸರಿಯಾಗೇ ಅದ ಕಣ್ರಪ್ಪ" ಎಂದು ರಂಗನಾಯಕ ಸರ್ಟಿಫಿಕೇಟು ಕೊಟ್ಟ ಮೇಲೆಯೇ ವ್ಯಾಪಾರ ಶುರುವಾದದ್ದು.

ಇದನ್ನು ನಾನು ಕಣ್ಣಾರೆ ಕಂಡಿದ್ದೇನೆ. ನನ್ನ ಸ್ಟುಡಿಯೋ ಇರುವುದು ಮಾರುಕಟ್ಟೆಯ ಗೇಟಿನ ಎದುರು. ಬೋರ್ಡಿನ ಮೇಲೆ ಮೃತ್ಯುಂಜಯ ವಿಡಿಯೋಸ್ ಎಂದಿದೆ. ಮದುವೆ ಶೂಟಿಂಗು ಮೂವತ್ತು ವರ್ಷದಿಂದ ನನ್ನ ಕಸುಬು. ಈ ತಾಲ್ಲೂಕಿನ ಅರ್ಧ ಗಂಡಸರು ತಾಳಿ ಕಟ್ಟುವಾಗ ಕೈ ನಡುಗಿಸಿದ್ದು ನನ್ನ ಹತ್ತಿರ ದಾಖಲಾಗಿದೆ, ಆದ್ದರಿಂದ ನನ್ನ ಮುಂದೆ ಯಾರೂ ಹೆಚ್ಚು ಮೀಸೆ ತಿರುವುವುದಿಲ್ಲ. ಮದುವೆಗಳಿಲ್ಲದ ಆಷಾಢದಲ್ಲಿ ನಾನು ಬಾಗಿಲಲ್ಲಿ ಸ್ಟೂಲು ಹಾಕಿಕೊಂಡು ಎದುರಿನ ಲೋಡಿಂಗ್ ನೋಡುತ್ತಾ ಕೂರುತ್ತೇನೆ. ಅಷ್ಟು ಲಕ್ಷಣವಾದ ನೋಟ ಮದುವೆ ಮಂಟಪದಲ್ಲಿ ನನಗೆ ಸಿಕ್ಕಿದ್ದು ಕಡಿಮೆ.

ರಂಗನಾಯಕ ಎತ್ತರದ ಆಳೇನಲ್ಲ. ಕುಳ್ಳ, ಅಗಲ ಹೆಗಲು, ಬಾಯಿ ತುಂಬ ಎಲೆಯಡಿಕೆ. ಆದರೆ ಅವನು ಮೂಟೆಯ ಮುಂದೆ ನಿಂತು ಮೊಣಕಾಲು ಬಗ್ಗಿಸಿದರೆ ಕೇರಳದ ಲಾರಿ ಡ್ರೈವರುಗಳೂ ಚಾ ಲೋಟ ಕೆಳಗಿಟ್ಟು ನೋಡುತ್ತಿದ್ದರು. ಬಾಳೆಗೊನೆ, ಎಲೆಕೋಸಿನ ಚೀಲ, ಕುರಿಮರಿ, ಗ್ಯಾಸ್ ಸಿಲಿಂಡರು, ಏನನ್ನೇ ಎತ್ತಲಿ, ಇಳಿಸುವ ಮೊದಲು ತೂಕ ಹೇಳುವುದು ಅವನ ಚಟ. ಬಾಣಂತಿ ಮನೆಯವರು ಎಳೆಗೂಸನ್ನು ತಂದು ಅವನ ಕೈಗೆ ಕೊಟ್ಟು ಕೇಳುತ್ತಿದ್ದರು. "ಎರಡೂ ಮುಕ್ಕಾಲು. ಸಾಲ್ದು, ತಾಯ್ಗೆ ಒಸಿ ಚೆಂದಾಗಿ ಇಕ್ಕಿ" ಎಂದು ಡಾಕ್ಟರಿಗಿಂತ ಗತ್ತಿನಿಂದ ಹೇಳುತ್ತಿದ್ದ.

ಅಂಥವನು ತೂಕ ಹೇಳುವುದನ್ನು ನಿಲ್ಲಿಸಿ ಮೂರು ವರ್ಷವಾಗಿತ್ತು. ಯಾರಾದರೂ ಕೇಳಿದರೆ "ತಕ್ಕಡಿ ಅದಲ್ಲ, ಅದ್ನೇ ಕೇಳಿ" ಎಂದು ಮುಂದಿನ ಮೂಟೆಗೆ ಹೋಗುತ್ತಿದ್ದ. ಮಗು ತಂದವರನ್ನು ಕೈ ಒರಸಿಕೊಳ್ಳುತ್ತಾ, ಮುಟ್ಟದೆ ಹಿಂದಕ್ಕೆ ಕಳಿಸುತ್ತಿದ್ದ. ಮೂಟೆ ಎತ್ತುತ್ತಿದ್ದ, ಮನುಷ್ಯರನ್ನು ಮಾತ್ರ ಎತ್ತುತ್ತಿರಲಿಲ್ಲ. ಇದು ಯಾಕೆ ಹೀಗಾಯಿತು ಎಂದು ಹೇಳಬೇಕಾದರೆ ಅವನ ಹೆಂಡತಿ ಚಿಕ್ಕಮಾದಮ್ಮನ ವಿಷಯ ಹೇಳಬೇಕು.

ಚಿಕ್ಕಮಾದಮ್ಮ ಅದೇ ಮಾರುಕಟ್ಟೆಯಲ್ಲಿ ಮೂಟೆಯ ಬಾಯಿ ಹೊಲಿಯುತ್ತಿದ್ದಳು. ಹಮಾಲಿಗಳದ್ದೊಂದು ಶಾಸ್ತ್ರವಿದೆ: ಬಿಗಿ ಮೂಟೆ ಹಗುರ, ಸಡಿಲ ಮೂಟೆ ಭಾರ. ತಕ್ಕಡಿಗೆ ಹಾಕಿದರೆ ಎರಡೂ ಒಂದೇ. ಆದರೆ ಬಿಗಿಯಾಗಿ ಹೊಲಿದದ್ದು ಹೆಗಲ ಮೇಲೆ ಅಲುಗಾಡದೆ ಕೂರುತ್ತದೆ. ಸಡಿಲ ಹೊಲಿದದ್ದು ಒಳಗೊಳಗೇ ಜಾರಿ, ಸೊಂಟ ಎಳೆದು, ಐದು ಕೆಜಿ ಹೆಚ್ಚಾದಂತೆ ಕಾಡುತ್ತದೆ. ಚಿಕ್ಕಮಾದಮ್ಮನ ದಬ್ಬಣ ಹಾದ ಮೂಟೆಗೆ ಹಮಾಲಿಗಳು ಕಿತ್ತಾಡುತ್ತಿದ್ದರು. "ಈ ಎಣ್ಣು ಹೊಲ್ದ ಮೂಟೆ ತಾನೇ ಅರ್ಧ ನಡ್ಕಂಡು ಬತ್ತದ ಕಣ್ಲಾ" ಎಂದು ರಂಗನಾಯಕ ಒಮ್ಮೆ ಎಲ್ಲರ ಎದುರು ಅಂದುಬಿಟ್ಟನಂತೆ. ಆ ಮಾತಿಗೆ ಅವಳು ತಲೆ ಎತ್ತಿ ನೋಡಿದ್ದು, ಎರಡು ತಿಂಗಳಿಗೆ ಮದುವೆ. ಆಗಿನ್ನೂ ನನ್ನ ಸ್ಟುಡಿಯೋ ಇರಲಿಲ್ಲ, ಆ ಮದುವೆಯ ಒಂದು ಫೋಟೋ ಕೂಡ ಇಲ್ಲ. ನನಗೆ ಈಗಲೂ ಅದರ ಬಗ್ಗೆ ಹೊಟ್ಟೆಯುರಿಯಿದೆ.

ಮಕ್ಕಳಾಗಲಿಲ್ಲ. ಗೋಪಾಲಸ್ವಾಮಿ ಬೆಟ್ಟಕ್ಕೆ ಶ್ರಾವಣ ಶನಿವಾರಗಳಲ್ಲಿ ಹೋಗಿಬಂದರು. ಒಂದು ಸಾರಿ ಬೆಟ್ಟದ ಕೊನೆಯ ತಿರುವಿನಲ್ಲಿ ಅವಳು ಕಾಲು ಸೋತು ಕೂತಾಗ ಇವನು ಎತ್ತಿಕೊಂಡೇ ಗುಡಿಯ ಬಾಗಿಲಿಗೆ ಹೋದನಂತೆ. "ಇಳ್ಸು, ಜನ ನೋಡ್ತಾವ್ರೆ" ಎಂದು ಅವಳು ಬೆನ್ನಿಗೆ ಗುದ್ದಿದರೆ, "ಐವತ್ತೊಂದೂವರೆ" ಎಂದು ಕೂಗಿ ಹೇಳಿ ಜನರನ್ನು ಇನ್ನಷ್ಟು ನೋಡಿಸಿದನಂತೆ. ಮಂಜಿನಲ್ಲಿ ಯಾರು ಯಾರನ್ನು ನೋಡಿದರೋ. ದೇವರು ಮಗು ಕೊಡಲಿಲ್ಲ, ರಂಗನಾಯಕನ ತಂಗಿ ಮಹಾಲಕ್ಷ್ಮಮ್ಮ ಕೊಟ್ಟಳು. ಚಾಮರಾಜನಗರದಲ್ಲಿರುವ ಆಕೆಯ ಮಗಳು ಭಾಗ್ಯ, ರಜೆ ಬಂದರೆ ಗುಂಡ್ಲುಪೇಟೆಯ ಬಸ್ಸು ಹತ್ತಿ ಮಾವನ ಹೆಗಲ ಮೇಲೆಯೇ ಬೆಳೆದ ಹುಡುಗಿ.

ಮೂರೂವರೆ ವರ್ಷದ ಹಿಂದೆ ಚಿಕ್ಕಮಾದಮ್ಮನಿಗೆ ಹೊಟ್ಟೆಯ ಕಾಯಿಲೆ ಬಂತು. ಮೈಸೂರಿಗೆ ಕರೆದುಕೊಂಡು ಹೋಗಿ, ಆಪರೇಶನ್ ಮಾಡಿಸಿ, ಮನೆಗೆ ಕರೆತಂದರು. ಏಳು ತಿಂಗಳು ಅವಳು ಮಂಚದ ಮೇಲಿದ್ದಳು. ಬೆಳಗಾದರೆ ರಂಗನಾಯಕ ಅವಳನ್ನು ಎತ್ತಿ ಬಚ್ಚಲಿಗೆ, ಬಚ್ಚಲಿಂದ ಎತ್ತಿ ಜಗಲಿಯ ಬಿಸಿಲಿಗೆ, ಬಿಸಿಲೇರಿದರೆ ಮತ್ತೆ ಎತ್ತಿ ಒಳಕ್ಕೆ ಒಯ್ಯುತ್ತಿದ್ದ. ಎತ್ತಿದಾಗಲೆಲ್ಲ ತೂಕ ಹೇಳುತ್ತಿದ್ದ. ನಲವತ್ತಾರು. ನಲವತ್ತೆರಡು. ಮೂವತ್ತೊಂಬತ್ತು. "ತಕ್ಕಡಿ ಸರ್ಯಾಗಿ ಇಡ್ಕೊ" ಎಂದು ಅವಳು ಗದರುತ್ತಿದ್ದಳು. ಆ ಅಂಕಿ ಇಳಿಯುವುದನ್ನು ಊರಿನಲ್ಲಿ ಅವನೊಬ್ಬನೇ ತೋಳಿನಲ್ಲಿ ಅನುಭವಿಸುತ್ತಿದ್ದ, ಸಂಜೆ ನನ್ನ ಅಂಗಡಿಯ ಮೆಟ್ಟಿಲ ಮೇಲೆ ಕೂತು ಮೆಲ್ಲಗೆ ನನಗೆ ಹೇಳುತ್ತಿದ್ದ. ಮೂವತ್ತೈದಕ್ಕೆ ಬಂದಾಗ ನನಗೆ ಹೇಳುವುದನ್ನು ಬಿಟ್ಟ.

ಓಣಂ ಹತ್ತಿರವಿದ್ದ ಒಂದು ದಿನ. ಆಗ ಇಲ್ಲಿ ಹಮಾಲಿಗೆ ಪುರಸೊತ್ತಿರುವುದಿಲ್ಲ. ಹೂವು, ತರಕಾರಿ, ಬಾಳೆಕಾಯಿ ಎಲ್ಲ ಕೇರಳಕ್ಕೆ ಹೊರಡಬೇಕು, ರಾತ್ರಿ ಒಂಬತ್ತಕ್ಕೆ ಬಂಡೀಪುರದ ಗೇಟು ಮುಚ್ಚುತ್ತದೆ, ಅಷ್ಟರೊಳಗೆ ಲಾರಿ ದಾಟಬೇಕು. ಮಧ್ಯಾಹ್ನ ರಂಗನಾಯಕ ಕುಣಿಯುತ್ತಾ ಬಂದ. ಕೈಯಲ್ಲಿ ಮೈಸೂರು ಪಾಕಿನ ಪೊಟ್ಟಣ.

"ತಕ್ಕಳಿ ಸಾಮಿ! ನಲವತ್ತಾಗವ್ಳೆ! ಬೆಳಿಗ್ಗೆ ಎತ್ತುದ್ನಲ್ಲ, ನಲವತ್ತು ಕಂಡಿತ. ಒಂದೇ ದಿನಕ್ಕೆ ಐದು ಕೆಜಿ! ನೋವೂ ಕಮ್ಮಿ ಆಗದೆ, ಎತ್ತುವಾಗ ಒಂದ್ಸಾರಿನೂ ನರಳ್ನಿಲ್ಲ."

ಎಲ್ಲರಿಗೂ ಹಂಚಿದ. ತಂಗಿಗೆ ಫೋನು ಮಾಡಿ ಹೇಳಿದ. ನಾನು ಒಂದು ತುಂಡು ಸಾಲದೆಂದು ಎರಡು ತಿಂದೆ. ಒಂದೇ ದಿನಕ್ಕೆ ಮನುಷ್ಯರು ಐದು ಕೆಜಿ ಏರುತ್ತಾರೆಯೇ ಎಂದು ನಮ್ಮಲ್ಲಿ ಯಾರೂ ಕೇಳಲಿಲ್ಲ. ಅವನ ತೋಳು ಹೇಳಿದ ಮೇಲೆ ತಕ್ಕಡಿಯೇ ಒಪ್ಪುತ್ತದೆ, ನಾವು ಯಾವ ಲೆಕ್ಕ. ನಾಲ್ಕು ಗಂಟೆಗೆ ಅವನು ಲಾರಿಯ ಮೇಲೆ ನಿಂತು ಚೆಂಡುಹೂವಿನ ಚೀಲ ಜೋಡಿಸುತ್ತಿದ್ದಾಗ ಪಕ್ಕದ ಮನೆಯ ಶಾಂತಮಲ್ಲಮ್ಮ ಓಡಿಬಂದಳು. ಅವನು ಮನೆ ಮುಟ್ಟುವಷ್ಟರಲ್ಲಿ ಚಿಕ್ಕಮಾದಮ್ಮ ಹೋಗಿಯಾಗಿತ್ತು.

ಅವತ್ತಿನಿಂದ ಅವನು ತೂಕ ಹೇಳಲಿಲ್ಲ.

ಈ ವರ್ಷ ಭಾಗ್ಯನ ಮದುವೆ ಗೊತ್ತಾಯಿತು. ಹುಡುಗ ಹರವೆಯ ಕಡೆಯವನು, ಸುನೀಲ್ ಕುಮಾರ್, ಬಂಡೀಪುರದಲ್ಲಿ ಅರಣ್ಯ ಇಲಾಖೆಯ ಗಾರ್ಡು. ಆನೆ ಅಟ್ಟುವ ಕೆಲಸ, ಆದರೆ ಆಳು ಅಗರಬತ್ತಿ ಕಡ್ಡಿ. ಈಗಿನ ಕಾಲದವರಿಗೆ ಮದುವೆಗೆ ಮೊದಲೇ ಮದುವೆಯಾದಂತೆ ಶೂಟಿಂಗ್ ಬೇಕು. ಗೋಪಾಲಸ್ವಾಮಿ ಬೆಟ್ಟದ ಮಂಜಿನಲ್ಲಿ ತೆಗೆಯಿರಿ ಎಂದು ಭಾಗ್ಯ ಕೇಳಿದರೆ, ಅದು ಕಾಡಿನೊಳಗಿದೆ, ಶೂಟಿಂಗಿಗೆ ಪರ್ಮಿಶನ್ ಇಲ್ಲ ಎಂದು ಮದುವೆ ಗಂಡೇ ರೂಲ್ಸು ಓದಿದ. ಕೊನೆಗೆ ಹೈವೇ ಪಕ್ಕದ ಚೆಂಡುಹೂವಿನ ಹೊಲಕ್ಕೆ ಹೋದೆವು. ಹುಡುಗಿಯನ್ನು ಎರಡೂ ಕೈಯಲ್ಲಿ ಮೇಲೆತ್ತಿ ತಿರುಗಿಸುವ ಶಾಟ್ ಬೇಕೆಂದ ಸುನೀಲ. ಎತ್ತಿದ. ಅರ್ಧ ಸುತ್ತು ತಿರುಗಿದ. ಇಬ್ಬರೂ ಹೂವಿನೊಳಗೆ ಬಿದ್ದರು, ಹೊಲದ ಯಜಮಾನ ಬಾಯಿಗೆ ಬಂದಂತೆ ಬೈದ. ಬೈದದ್ದು ನ್ಯಾಯವಾಗಿಯೇ ಇತ್ತು.

ನನಗೆ ಕಸುಬಿನ ಹಟ. ಎತ್ತುವ ಶಾಟನ್ನು ಜಗತ್ತಿನಲ್ಲಿ ಯಾರು ಚೆನ್ನಾಗಿ ತೆಗೆದಿದ್ದಾರೆ ನೋಡೋಣ ಎಂದು ಹುಡುಕುತ್ತಾ ಹೋದಾಗ ಒಂದು ಬ್ಯಾಲೆ ಸಿಕ್ಕಿತು. ಯುರೋಪಿನ ಯಾವುದೋ ರಂಗಮಂದಿರದಲ್ಲಿ ಆಡಿದ್ದನ್ನು ಚಿತ್ರೀಕರಿಸಿದ್ದು. ಕೆಳಗಿನ ವಿವರಣೆಯ ಪ್ರಕಾರ ಸುಮಾರು ಇನ್ನೂರು ವರ್ಷದ ಹಿಂದಿನ ಕಾಲದ ನೃತ್ಯ. ಆಗ ಅಲ್ಲಿ ಬೆಳದಿಂಗಳು, ಕೊಳ, ಅಕಾಲದಲ್ಲಿ ಸತ್ತ ಹೆಣ್ಣು, ಅವಳನ್ನು ಹುಡುಕಿಬಂದ ಗಂಡು, ಇಂಥ ಕಥೆಗಳ ಹುಚ್ಚಿತ್ತಂತೆ. ಇಬ್ಬರೇ ಕುಣಿಯುತ್ತಾರೆ, ಒಂಬತ್ತು ನಿಮಿಷ. ನಾನು ಅದನ್ನು ಅಂಗಡಿಯ ದೊಡ್ಡ ಟಿ.ವಿಗೆ ಹಾಕಿ, ಕ್ಯಾಮೆರಾ ಎಲ್ಲಿಟ್ಟಿದ್ದಾರೆಂದು ನೋಡುತ್ತಿದ್ದೆ. ಮಧ್ಯಾಹ್ನದ ಹೊತ್ತು. ರಂಗನಾಯಕ ಬಂದು ಬಾಗಿಲಲ್ಲಿ ನಿಂತ.

"ಸಾಮಿ, ಒಂದ್ಮಾತು" ಎಂದ. "ಭಾಗ್ಯನ ಮದ್ವೇಲಿ ಎಣ್ಣ ಎತ್ಕಂಡು ಬರಾದು ಅಂತ ಒಂದು ಅದಲ್ಲ. ಅದು ಬ್ಯಾಡ. ನಡ್ಕಂಡು ಬಂದ್ರೇ ಇಡಿಯೋಗೆ ಚೆಂದ ಅಂತ ನೀವೇ ಯೋಳ್ಬುಡಿ. ನಿಮ್ಮ ಮಾತ ಕೇಳ್ತದ ಮಗ."

ನಮ್ಮ ಕಡೆ ಮದುವೆ ಹೆಣ್ಣನ್ನು ಮಂಟಪಕ್ಕೆ ಎತ್ತಿಕೊಂಡು ಬರುವುದು ಸೋದರಮಾವ. ಈಚೆಗೆ ಎಷ್ಟೋ ಮಾವಂದಿರು ಸೊಂಟ ನೋವೆಂದು ಕೈ ಹಿಡಿದು ನಡೆಸಿಕೊಂಡೇ ಬರುತ್ತಾರೆ, ಅದನ್ನು ಯಾರೂ ದೊಡ್ಡದು ಮಾಡುವುದಿಲ್ಲ. ಆದರೆ ಭಾಗ್ಯ ಹಟ ಹಿಡಿದಿದ್ದಳು. ಮಾವ ಎತ್ತಿಕೊಂಡು ಬರಬೇಕು, ಇಲ್ಲದಿದ್ದರೆ ಮಂಟಪಕ್ಕೇ ಬರುವುದಿಲ್ಲ. ಹೆಂಡತಿ ಇಲ್ಲದವನು ಎತ್ತಬಹುದೇ ಎಂದು ಯಾರೋ ಹಿರಿಯರು ರಾಗ ತೆಗೆದಾಗ ಮಹಾಲಕ್ಷ್ಮಮ್ಮ, "ನಮ್ಮಣ್ಣ ಬುಟ್ರೆ ಇನ್ಯಾವನ್ನೂ ಮುಟ್ಟಾಕೆ ಬುಡಾಕಿಲ್ಲ" ಎಂದು ಬಾಯಿ ಮುಚ್ಚಿಸಿದ್ದಳು. ಒಪ್ಪದಿದ್ದವನು ಇವನೊಬ್ಬನೇ.

"ಸುಳ್ಳು ನಾನು ಹೇಳಲ್ಲ" ಎಂದೆ, ಸ್ವಲ್ಪ ಜೋರಾಗಿಯೇ. "ಯಾಕೆ ಎತ್ತಲ್ಲ? ಕ್ವಿಂಟಾಲ್ ಎತ್ತೋನಿಗೆ ಆ ಹುಡುಗಿ ಒಂದು ಭಾರವೇ?"

"ನನ್ನ ಕೈ ನಂಬಂಗಿಲ್ಲ ಸಾಮಿ" ಎಂದ. ತನ್ನ ಎರಡೂ ಅಂಗೈಗಳನ್ನು ನೋಡಿಕೊಂಡ. "ಕಡೇಲಿ ಎತ್ತಿದ್ದು ಅವಳ್ನ. ಸಾಯ್ತಾ ಇದ್ದೋಳ್ನ ಎತ್ಕಂಡು, ವಾಸಿಯಾಯ್ತು ಅಂದ್ಬುಟ್ಟೊ. ನನ್ನ ಕೈನೇ ನಂಗೆ ಸುಳ್ಳು ಯೋಳ್ಬುಟ್ಟೊ. ಸುಳ್ಳು ಯೋಳ್ದ ಕೈಯಲ್ಲಿ ಮಗೀನ ಎತ್ಕಂಡು ಮಂಟಪಕ್ಕೆ ಎಂಗೆ ಬರ್ಲಿ?"

ಮೂರು ವರ್ಷದಲ್ಲಿ ಅವನು ಬಾಯಿ ಬಿಟ್ಟು ಹೇಳಿದ್ದು ಅದೇ ಮೊದಲು. ನಾನು ಕೂತುಕೋ ಎಂದೆ. ಅವನು ಕೂತ. ಟಿ.ವಿಯಲ್ಲಿ ಬಿಳಿ ಬಟ್ಟೆಯ ಹೆಣ್ಣು ಕೊಳದ ದಡದಲ್ಲಿ ತೇಲುತ್ತಿದ್ದಳು.

"ಯಾರು ಇವ್ರು?"

"ಅವಳು ಸತ್ತುಹೋಗಿದ್ದಾಳೆ. ಅವನಿಗೆ ಗೊತ್ತು. ಆದರೂ ಒಂದು ರಾತ್ರಿ ಜೊತೆಯಲ್ಲಿ ಕುಣಿಯೋಕೆ ಬಂದಿದ್ದಾನೆ. ಬೆಳಕಾದರೆ ಅವಳು ಹೋಗಬೇಕು" ಎಂದು ನಾನು ಓದಿದಷ್ಟನ್ನು ಹೇಳಿದೆ. ಹೇಳಿದ ಮೇಲೆ ನಾಲಿಗೆ ಕಚ್ಚಿಕೊಂಡೆ. ಹೆಂಡತಿ ಸತ್ತವನಿಗೆ ಹೇಳುವ ಕಥೆಯೇ ಇದು? ನಿಲ್ಲಿಸೋಣವೆಂದು ರಿಮೋಟು ಎತ್ತಿದರೆ ಅವನು ಕೈ ಅಡ್ಡ ಹಿಡಿದ.

ನೋಡಿದ. ನಾನು ಆ ನೃತ್ಯವನ್ನು ನೋಡುತ್ತಿದ್ದ ರೀತಿ ಬೇರೆ, ಅವನು ನೋಡಿದ ರೀತಿ ಬೇರೆ. ಬಟ್ಟೆ, ಬೆಳಕು, ಸಂಗೀತ ಯಾವುದೂ ಅವನ ಕಣ್ಣಿಗೆ ಬೀಳಲಿಲ್ಲ. ಆ ಗಂಡು ಹೆಣ್ಣಿನ ಸೊಂಟ ಹಿಡಿದು ಮೇಲೆತ್ತುತ್ತಾನೆ, ಅವಳು ಹತ್ತಿಯ ಅರಳೆಯಂತೆ ಅವನ ತಲೆಯ ಮೇಲೆ ನಿಲ್ಲುತ್ತಾಳೆ. ನಾನಾದರೆ ಆಹಾ ಎಂದೆ. ರಂಗನಾಯಕ ಮುಂದಕ್ಕೆ ಬಾಗಿ, "ಒಸಿ ಇಂದಕ್ಕೆ ಓಡ್ಸಿ" ಎಂದ. ಓಡಿಸಿದೆ. "ಅವಳ ಕಾಲ್ ನೋಡಿ" ಎಂದ.

ನೋಡಿದೆ. ಮೂವತ್ತು ವರ್ಷ ಕ್ಯಾಮೆರಾ ಹಿಡಿದ ನನ್ನ ಕಣ್ಣಿಗೆ ಅಲ್ಲಿಯವರೆಗೆ ಅದು ಕಂಡಿರಲಿಲ್ಲ. ಅವನು ಎತ್ತುವುದಕ್ಕೆ ಒಂದು ಕ್ಷಣ ಮೊದಲು, ಉದ್ದ ಲಂಗದ ಅಡಿಯಲ್ಲಿ ಅವಳ ಮೊಣಕಾಲು ಬಗ್ಗುತ್ತದೆ, ಹಿಮ್ಮಡಿ ನೆಲವನ್ನು ಒತ್ತುತ್ತದೆ, ಉಸಿರು ಒಳಗೆ ಹೋಗುತ್ತದೆ. ಅವಳೇ ಹಾರುತ್ತಾಳೆ. ಅವನ ಕೈ ಆ ಹಾರಿದ್ದನ್ನು ಹಿಡಿದುಕೊಳ್ಳುತ್ತದೆ.

"ಎತ್ತಾದು ಅವ್ನಲ್ಲ. ಇಬ್ರೂ ಎತ್ತಾವ್ರೆ" ಎಂದ ರಂಗನಾಯಕ. "ಜನಕ್ಕೆ ಅವ್ಳು ಅಗುರ ಕಾಣ್ತಾಳೆ. ಅಗುರ ಇಲ್ಲ ಅವ್ಳು. ಐವತ್ತರ ಮ್ಯಾಲೇ ಅವ್ಳೆ. ಬಿಗಿ ಇಡ್ಕಂಡವ್ಳೆ ಅಷ್ಟೆ."

ಮೂರು ವರ್ಷದ ನಂತರ ಅವನು ಒಂದು ತೂಕ ಹೇಳಿದ್ದನ್ನು ನಾನು ಗಮನಿಸಿದೆ, ಅವನು ಗಮನಿಸಲಿಲ್ಲ.

ಕೊನೆಯ ಭಾಗ ಬಂತು. ರಂಗದ ಮೇಲೆ ಬೆಳಕು ಹರಿಯುತ್ತದೆ. ಹೆಣ್ಣು ಗಂಡಿನ ತೋಳಿನಲ್ಲಿ ಹಾಗೇ ಕುಸಿಯುತ್ತಾಳೆ. ಕತ್ತು ಹಿಂದಕ್ಕೆ, ಕೈ ಜೋತು. ಅವನು ಅವಳನ್ನು ಹೊತ್ತು ಬಿಳಿ ಹೂವಿನ ಪೊದೆಯವರೆಗೆ ಹತ್ತು ಹೆಜ್ಜೆ ನಡೆಯಬೇಕು. ಅಲ್ಲಿ ಕ್ಯಾಮೆರಾ ಹತ್ತಿರ ಹೋಗಿದೆ. ಒಂಬತ್ತು ನಿಮಿಷ ನಗುನಗುತ್ತಾ ಎತ್ತಿ ಇಳಿಸಿದ ಆ ಗಂಡಿನ ಕತ್ತಿನಲ್ಲಿ ಆಗ ನರ ಎದ್ದು ನಿಲ್ಲುತ್ತದೆ. ಹೆಜ್ಜೆ ಒಂದಿಷ್ಟು ಕುಂಟುತ್ತದೆ. ಈ ಕ್ಯಾಮೆರಾದವನಿಗೆ ತಲೆ ಇಲ್ಲವೇ, ಇಷ್ಟು ನಾಜೂಕಿನ ಕುಣಿತದಲ್ಲಿ ಆ ನರ ಯಾಕೆ ತೋರಿಸಿದ ಎಂದು ನಾನು ಮೊದಲ ದಿನವೇ ಬೈದುಕೊಂಡಿದ್ದೆ.

ರಂಗನಾಯಕ ಎದ್ದು ಟಿ.ವಿಯ ಹತ್ತಿರ ಹೋದ. ಆ ನರದ ಮೇಲೆ ಬೆರಳಿಟ್ಟ.

"ನಿಲ್ಸಿ. ಅದೇ ಎಣ್ಣು. ಅದೇ ಗಂಡು. ಈಗ್ಯಾಕೆ ಭಾರ ಆದ್ಲು?"

ನಾನು ರಿಮೋಟು ಒತ್ತಿ ಚಿತ್ರ ನಿಲ್ಲಿಸಿದೆ.

"ಎಗರ್ನಿಲ್ಲ" ಎಂದ ಅವನೇ. "ಬುಟ್ಬುಟ್ಲು. ಸತ್ತಂಗೆ ಕೈ ಚೆಲ್ಲುದ್ಲು. ಸಡ್ಲ ಮೂಟೆ."

ಆ ಎರಡು ಪದ ಅವನ ಬಾಯಿಂದ ಬಂದ ಮೇಲೆ ಅವನು ಅಲ್ಲೇ ನೆಲದ ಮೇಲೆ ಕೂತ. ಟಿ.ವಿಯಲ್ಲಿ ಚಿತ್ರ ನಿಂತೇ ಇತ್ತು. ಹೊರಗೆ ಯಾವುದೋ ಲಾರಿ ಹಾರ್ನು ಹೊಡೆದು ಹಮಾಲಿಗಳನ್ನು ಕರೆಯುತ್ತಿತ್ತು. ಅವನು ಕೇಳಿಸಿಕೊಳ್ಳಲಿಲ್ಲ.

"ದಿನಾ ಎತ್ತುವಾಗ ಊಂ ಅಂತಿದ್ಲು ಸಾಮಿ. ಕಾಲ ಕೆಳಕ್ಕೆ ಬುಟ್ಕಂಡು, ನನ್ನ ಕತ್ತ ತಬ್ಕಂಡು, ಊಂ ಅಂತಿದ್ಲು. ನರಳ್ತಾಳೆ ಅಂದ್ಕಂಡಿದ್ದೆ. ನೋವು ಅಂದ್ಕಂಡಿದ್ದೆ. ಎಗರ್ತಿದ್ಲು ಸಾಮಿ ಅವ್ಳು! ಅನ್ನ ಓಗ್ದೇ ಇರೋ ಮೈಯಲ್ಲಿ ನಂಗೋಸ್ಕರ ಎಗರ್ತಿದ್ಲು. ಏಳು ತಿಂಗ್ಳು ಬಿಗಿಯಾಗಿ ಹೊಲ್ಕಂಡು ಕುಂತಿದ್ಲು. ಅವತ್ತು ಆಗ್ನಿಲ್ಲ. ಹೊಲಿಗೆ ಬುಡ್ತು. ನಾನು ಹಮಾಲಿ, ನನಗೆ ಗೊತ್ತಾಗ್ಬೇಕಿತ್ತಲ್ವ? ಗೊತ್ತಾಗ್ದೆ ಮೈಸೂರ್ ಪಾಕ್ ಹಂಚ್ಬುಟ್ಟೆ."

ನಾನೂ ಎರಡು ತುಂಡು ತಿಂದವನು. ಸಮಾಧಾನ ಹೇಳುವುದು ನನಗೆ ಬರುವುದಿಲ್ಲ, ಮದುವೆಮನೆಯಲ್ಲಿ ಅಳುವವರನ್ನು ಕಂಡರೆ ಲೈಟು ಸರಿಮಾಡುವುದಷ್ಟೇ ನನಗೆ ಗೊತ್ತು. ಹೋಗಿ ಎರಡು ಚಾ ತಂದೆ. ಅವನು ಕುಡಿಯಲಿಲ್ಲ. "ಮೊದ್ಲಿಂದ ಹಾಕಿ" ಎಂದ. ಹಾಕಿದೆ. ಈ ಸಲ ಅವನು ಕಾಲು ನೋಡಲಿಲ್ಲ, ಆ ಹೆಣ್ಣಿನ ಮುಖವನ್ನೇ ನೋಡಿದ. ಮುಗಿದ ಮೇಲೆ ಇನ್ನೊಂದು ಸಲ ಎಂದ. ಹೋಗುವಾಗ ಬಾಗಿಲಲ್ಲಿ ನಿಂತು, "ನನ್ನ ಕೈ ಕೆಟ್ಟಿಲ್ಲ. ನಾನೇ ದಡ್ಡ" ಎಂದು ಹೇಳಿಹೋದ.

ಅಲ್ಲಿಂದ ಮುಂದೆ ದಿನಾ ಮಧ್ಯಾಹ್ನ ಲೋಡಿಂಗಿಗೆ ಮೊದಲು ಬಂದು ಆ ಒಂಬತ್ತು ನಿಮಿಷ ನೋಡಿ ಹೋಗುತ್ತಿದ್ದ. ಕುಣಿತ ಶುರುವಾದರೆ ಬಾಯಲ್ಲಿದ್ದ ಎಲೆಯಡಿಕೆ ಹೊರಗೆ ಹೋಗಿ ಉಗಿದು ಬರುತ್ತಿದ್ದ. ನೋಡಿ ನೋಡಿ ಅವನಿಗೆ ಚಿಕ್ಕಮಾದಮ್ಮನನ್ನು ಇನ್ನಷ್ಟು ಕಾಣಬೇಕೆನಿಸುತ್ತಿತ್ತೇ ಹೊರತು ಸಾಕೆನಿಸುತ್ತಿರಲಿಲ್ಲ. "ಅವ್ಳೂ ಇಂಗೆ ಒಂದ್ಸಾರಿ ಬಂದ್ರೆ ಸಾಕಿತ್ತು. ಕುಣಿಯಾದೇನೂ ಬ್ಯಾಡ. ಬಚ್ಚಲಿಂದ ಜಗಲಿಗೆ ಎತ್ಕಂಡು ಬಂದು ಕೂರುಸ್ತಿದ್ದೆ" ಎಂದ ಒಂದು ದಿನ. ಭಾಗ್ಯನನ್ನು ಎತ್ತುವ ಮಾತು ಅವನೂ ಎತ್ತಲಿಲ್ಲ, ನಾನೂ ಕೇಳಲಿಲ್ಲ. ಆದರೆ ನಡೆದುಕೊಂಡು ಬಾ ಎಂದು ಹುಡುಗಿಗೆ ಹೇಳಿ ಅಂತ ಮತ್ತೆ ನನ್ನನ್ನು ಕೇಳಲಿಲ್ಲ.

ಶ್ರಾವಣದಲ್ಲಿ ಚಾಮರಾಜನಗರದ ಕಲ್ಯಾಣಮಂಟಪದಲ್ಲಿ ಮದುವೆ. ಹಿರಿಯರು ಆಶೀರ್ವಾದ ಮಾಡುವ ಮಾತೆಲ್ಲ ಕೇಳಿಸಬೇಕೆಂದು ಭಾಗ್ಯ ಆಸೆಪಟ್ಟಿದ್ದರಿಂದ ಅವಳ ಹೂವಿನ ಹಾರದಲ್ಲಿ ಬಟನ್ನಿನಷ್ಟು ಮೈಕು ಸಿಕ್ಕಿಸಿದ್ದೆ. ಮುಹೂರ್ತ ಹತ್ತಿರ ಬಂತು. ಹೆಣ್ಣನ್ನು ಕರೆತನ್ನಿ ಎಂದರು. ನಾನು ಕ್ಯಾಮೆರಾ ಹೆಗಲಿಗೇರಿಸಿ ಹೆಣ್ಣಿನ ಕೋಣೆಯ ಬಾಗಿಲಿಗೆ ಹೋದರೆ ಅಲ್ಲಿ ರಂಗನಾಯಕ, ಬಿಳಿ ಪಂಚೆ, ಬಿಳಿ ಅಂಗಿ, ಎರಡೂ ಅಂಗೈಯನ್ನು ಪಂಚೆಗೆ ಒರಸಿಕೊಳ್ಳುತ್ತಾ ನಿಂತಿದ್ದ.

"ನೋಡವ್ವ" ಎಂದು ಭಾಗ್ಯನಿಗೆ ಪಾಠ ಹೇಳುತ್ತಿದ್ದ. "ನಾನು ಬಗ್ತೀನಿ. ಬಗ್ಗಿದ್ ತಕ್ಷಣ ನೀನು ಹಿಮ್ಮಡಿ ಒತ್ತಿ ಒಸಿ ಎಗರ್ಬೇಕು. ಕತ್ತ ಬಿಗಿಯಾಗಿ ಇಡ್ಕೊ. ಉಸುರು ಬುಡ್ಬ್ಯಾಡ. ಆಯ್ತಾ?"

"ಆಯ್ತು ಮಾವ" ಎಂದು ಅವಳು ನಕ್ಕಳು.

ಅವನು ಬಗ್ಗಿದ. ಅವಳು ಅವನ ಕತ್ತಿನ ಸುತ್ತ ಕೈ ಹಾಕಿದಳು. ಅಷ್ಟೇ. ಮಾವನ ಹೆಗಲು ತಾಕಿದ ಕೂಡಲೇ ಆ ಹುಡುಗಿಗೆ ಅದೇನು ನೆನಪಾಯಿತೋ, ನಗುತ್ತಿದ್ದವಳು ಹೋ ಎಂದು ಅಳಲು ಶುರುಮಾಡಿದಳು. ಹಿಮ್ಮಡಿಯನ್ನೂ ಒತ್ತಲಿಲ್ಲ, ಎಗರಲೂ ಇಲ್ಲ. ರೇಷ್ಮೆ ಸೀರೆ, ಒಡವೆ, ಹಾರ ಸಮೇತ ಇಡೀ ಹುಡುಗಿ ಅವನ ತೋಳಿನಲ್ಲಿ ಕುಸಿದಳು. ಅರವತ್ತೊಂದು ವರ್ಷದ ರಂಗನಾಯಕನ ಒಂದು ಮೊಣಕಾಲು ನೆಲಕ್ಕೆ ತಾಕಿತು. ಯಾರೋ ಹಿಡಿಯಲು ಓಡಿಬಂದರು. ಅವನು ತಲೆಯಾಡಿಸಿ ಅವರನ್ನು ದೂರ ನಿಲ್ಲಿಸಿದ.

ಎದ್ದ. ನಡೆದ. ಕೋಣೆಯಿಂದ ಮಂಟಪಕ್ಕೆ ಇಪ್ಪತ್ತಾರು ಹೆಜ್ಜೆ. ಲೆನ್ಸಿನಲ್ಲಿ ಅವನ ಕತ್ತಿನ ನರ ಎದ್ದು ನಿಂತದ್ದು ಕಂಡಿತು. ನಾನು ಹತ್ತ ಹತ್ತಿರಕ್ಕೆ ಹೋದೆ. ಮದುವೆ ವಿಡಿಯೋದಲ್ಲಿ ಯಾರೂ ತೆಗೆಯದ ಶಾಟು ಅದು, ನಾನೂ ಹಿಂದೆಂದೂ ತೆಗೆದವನಲ್ಲ. ನಡುವೆ ಅವನು ಅವಳ ಕಿವಿಯ ಬಳಿ ಏನೋ ಹೇಳಿದ. ಓಲಗದ ಸದ್ದಿನಲ್ಲಿ ನನಗೆ ಕೇಳಿಸಲಿಲ್ಲ. ಅವಳು ಮುಖವನ್ನು ಅವನ ಹೆಗಲಿಗೆ ಒತ್ತಿ, ಕಣ್ಣು ಮುಚ್ಚಿ, ಮಲಗಿದ ಮಗುವಿನಂತೆ ಸುಮ್ಮನಾದಳು. ಅವನು ಮಣೆಯ ಮೇಲೆ ಅವಳನ್ನು ಇಳಿಸಿ ನಿಂತಾಗ ಗುಂಡ್ಲುಪೇಟೆಯಿಂದ ಬಂದಿದ್ದ ಹಮಾಲಿಗಳಲ್ಲಿ ಶಿವಸ್ವಾಮಿ ಎಂಬ ಹಳೆಯ ಗೆಳೆಯ ತಡೆಯಲಾರದೆ ಕೂಗಿದ.

"ಎಷ್ಟ್ಲಾ ರಂಗ?"

ಮಂಟಪವೆಲ್ಲ ನಕ್ಕಿತು. ಮೂರು ವರ್ಷದಿಂದ ಆ ಪ್ರಶ್ನೆಗೆ ಉತ್ತರ ಸಿಕ್ಕಿಲ್ಲವೆಂದು ತಿಳಿದವರು ಮಾತ್ರ ನಗಲಿಲ್ಲ. ರಂಗನಾಯಕ ಏದುಸಿರು ಬಿಡುತ್ತಾ ಬೆವರು ಒರಸಿಕೊಂಡ.

"ಐವತ್ತೆಂಟು" ಎಂದ. "ಅತ್ತಿದ್ರಿಂದ ಅರವತ್ಮೂರು."

ಒಂದು ವಾರದ ನಂತರ ನಾನು ಎಡಿಟಿಂಗಿಗೆ ಕೂತೆ. ಆ ಜಾಗದಲ್ಲಿ ಸಿನಿಮಾ ಹಾಡು ಹಾಕುವುದು ನನ್ನ ಪದ್ಧತಿ. ಹಾಕುವ ಮೊದಲು ಭಾಗ್ಯನ ಮೈಕಿನ ಸದ್ದು ಏನಿದೆಯೆಂದು ಕಿವಿಗೆ ಇಯರ್‌ಫೋನ್ ಹಾಕಿ ಕೇಳಿದೆ. ಹುಡುಗಿಯ ಬಿಕ್ಕು, ರಂಗನಾಯಕನ ಉಸಿರು, ದೂರದಲ್ಲಿ ಓಲಗ. ನಂತರ ಅವನ ದನಿ, ಮೂಟೆ ಹೊತ್ತವನ ದನಿ, ತುಂಡು ತುಂಡಾಗಿ:

"ಬುಡವ್ವ. ಎಗರ್ಬ್ಯಾಡ. ಭಾರ ಬುಡು. ಪೂರ್ತಿ ಬುಡು. ನಾನಿವ್ನಿ."

ನಾನು ಹಾಡು ಹಾಕಲಿಲ್ಲ. ಎದುರಿನಿಂದ ಅವನನ್ನು ಕೂಗಿ ಕರೆದು ದೊಡ್ಡ ಟಿ.ವಿಯಲ್ಲಿ ತೋರಿಸಿದೆ. ಯುರೋಪಿನ ಆ ಜೋಡಿಯನ್ನು ನೋಡಿದ ಅದೇ ಜಾಗದಲ್ಲಿ ಕೂತು ಅವನು ತನ್ನನ್ನು ತಾನು ನೋಡಿಕೊಂಡ, ತನ್ನ ಮಾತನ್ನು ಕೇಳಿಸಿಕೊಂಡ. ಮುಗಿದ ಮೇಲೆ ಅಂಗೈ ನೋಡಿಕೊಂಡ.

"ಈ ಮಾತ ಅವತ್ತು ಬೆಳಿಗ್ಗೆ ಅವಳಿಗೆ ಯೋಳ್ಬೇಕಿತ್ತು ಸಾಮಿ" ಎಂದ. "ನಲವತ್ತು ಅಂತ ಕುಣುದ್ಬುಟ್ಟೆ."

ಆಮೇಲೆ ಜೇಬಿನಿಂದ ಫೋನು ತೆಗೆದು ನನ್ನ ಮುಂದಿಟ್ಟ. ಭಾಗ್ಯ ಕೊಡಿಸಿದ ಹೊಸ ಫೋನು, ಅದರ ಗಾಜಿಗೆ ಅಂಟಿಸಿದ್ದ ಪ್ಲಾಸ್ಟಿಕ್ ಹಾಳೆಯನ್ನೂ ಅವನಿನ್ನೂ ಕಿತ್ತಿರಲಿಲ್ಲ.

"ಆ ಇಪ್ಪತ್ತಾರು ಹೆಜ್ಜೆ ಮಾತ್ರ ಇದಕ್ಕೆ ಆಕ್ಕೊಡಿ. ಮನೇಲಿ ಅವಳ ಫೋಟೋ ಮುಂದೆ ಒಂದ್ಸಾರಿ ಆಕ್ತೀನಿ."

"ಅದಕ್ಕೆ ಫೋನು ಯಾಕೆ ರಂಗಣ್ಣ, ನೀನೇ ಫೋಟೋ ಮುಂದೆ ನಿಂತು ಹೇಳಬಹುದಲ್ಲ" ಎಂದೆ.

"ಬರೀ ಬಾಯಲ್ಲಿ ಯೋಳುದ್ರೆ ಅವ್ಳು ನಂಬಾಕಿಲ್ಲ" ಎಂದ ರಂಗನಾಯಕ. "ಎತ್ಕಂಡು ಯೋಳಿರಾದ ಕಣ್ಣಲ್ಲಿ ನೋಡ್ಲಿ. ಇನ್ಮ್ಯಾಲಾದ್ರೂ ಎಗರಾದ ಬುಡ್ಲಿ."